ಬ್ರೂಜ್‌ನಲ್ಲಿ ಇಬ್ಬರಿಗಾಗಿ ಒಂದು ದಿನ: ಬೆಳಗಿನ ರೈಲಿನಿಂದ ರಾತ್ರಿಯ ರೈಲಿನವರೆಗೆ

ಬೆಲ್ಜಿಯಂನ ವಾಯವ್ಯ ಭಾಗದಲ್ಲಿ, ಉತ್ತರ ಸಮುದ್ರದ ದಂಡೆಗೆ ಸಮೀಪದಲ್ಲಿರುವ ಬ್ರೂಜ್, ಕಾಲ್ನಡಿಗೆಯಲ್ಲೇ ಪೂರ್ತಿ ನೋಡಬಹುದಾದ ಪುಟ್ಟ ಹಳೆಯ ಊರು. 1134ರ ಒಂದು ದೊಡ್ಡ ಬಿರುಗಾಳಿಯಿಂದ ಸಮುದ್ರದ ನೀರು ಒಳನುಗ್ಗಿ ಜ್ವಿನ್ ಎಂಬ ಕಡಲ ಕಾಲುವೆ ತೆರೆದುಕೊಂಡಿತು. ಅದರ ಮೂಲಕ ಬಂದ ಹಡಗುಗಳು ಈ ಊರನ್ನು ಯುರೋಪಿನ ದೊಡ್ಡ ಪೇಟೆಗಳಲ್ಲಿ ಒಂದನ್ನಾಗಿ ಮಾಡಿದವು. ಮುಂದೆ ಅದೇ ಕಾಲುವೆಯಲ್ಲಿ ಹೂಳು ತುಂಬುತ್ತ ಬಂತು, ವ್ಯಾಪಾರ ಆಂಟ್‌ವರ್ಪ್‌ಗೆ ಸರಿಯಿತು, ಊರು ಬಡವಾಯಿತು. ಹಳೆಯದನ್ನು ಕೆಡವಿ ಹೊಸದನ್ನು ಕಟ್ಟಲು ಹಣವಿಲ್ಲದ ಆ ಶತಮಾನಗಳೇ ಇಂದು ನಾವು ನೋಡಹೋಗುವ ಇಟ್ಟಿಗೆಯ ಮನೆಗಳನ್ನೂ ಓಣಿಗಳನ್ನೂ ಕಾಪಾಡಿ ಕೊಟ್ಟಿವೆ. 2000ದಲ್ಲಿ ಊರಿನ ಹಳೆಯ ಭಾಗವಿಡೀ ಯುನೆಸ್ಕೊ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು.

ಮದುವೆಯಾದ ಹೊಸತರಲ್ಲಿ ಪ್ರವಾಸ ಬಂದವರು, ನೆದರ್‌ಲೆಂಡ್ಸ್, ಜರ್ಮನಿ ಅಥವಾ ಬೆಲ್ಜಿಯಂನಲ್ಲಿ ಕೆಲಸಕ್ಕಿರುವ ನಮ್ಮ ಕಡೆಯ ದಂಪತಿಗಳು, ಇಪ್ಪತ್ತೈದು ವರ್ಷದ ದಾಂಪತ್ಯವನ್ನು ಒಂದು ದಿನದ ಮಟ್ಟಿಗೆ ಸದ್ದಿಲ್ಲದೆ ಆಚರಿಸಬೇಕೆಂದಿರುವವರು, ಹೀಗೆ ಯಾರಿಗೇ ಆದರೂ ಈ ಊರು ಹೊಂದುತ್ತದೆ. ಆದರೆ ಯೋಜನೆ ಇಲ್ಲದೆ ಹೋದರೆ ಇದು ಅಷ್ಟೇ ಸುಲಭವಾಗಿ ನಿರಾಶೆ ಮಾಡುತ್ತದೆ. ನಾವಿಬ್ಬರೂ ಮೊದಲ ಸಲ ಹೋದಾಗ ನೋಡಬೇಕಾದ ಹನ್ನೊಂದು ಸ್ಥಳಗಳ ಪಟ್ಟಿ ಕೈಯಲ್ಲಿತ್ತು. ಹೊತ್ತು ಮಧ್ಯಾಹ್ನವಾಗಿತ್ತು, ಪ್ರತಿ ಸೇತುವೆಯ ಮೇಲೂ ಪ್ರವಾಸಿಗರ ಗುಂಪು ನಿಂತಿತ್ತು, ಸಂಜೆ ಐದಕ್ಕೆ ರೈಲು ಹಿಡಿಯಲು ಓಡುವಾಗ ನಮ್ಮಿಬ್ಬರ ನಡುವೆ ಮಾತೇ ನಿಂತುಹೋಗಿತ್ತು. ಎರಡನೆಯ ಸಲ ಬೆಳಗ್ಗೆ ಎಂಟೂವರೆಗೆ ಇಳಿದು ರಾತ್ರಿ ಹತ್ತರವರೆಗೆ ಇದ್ದೆವು, ಐದೇ ಸ್ಥಳ ನೋಡಿದೆವು. ಕೆಳಗಿನ ಕ್ರಮ ಆ ಎರಡನೆಯ ದಿನದಿಂದ ಬಂದದ್ದು.

ಬ್ರೂಜ್‌ನ ಜನಸಂದಣಿಗೆ ಒಂದು ಲಯವಿದೆ, ಇಡೀ ಯೋಜನೆ ಅದರ ಮೇಲೆ ನಿಂತಿದೆ. ಬಸ್ಸುಗಳಲ್ಲಿಯೂ ಹಡಗುಗಳಿಂದಲೂ ಬರುವ ಬಹುಪಾಲು ಪ್ರವಾಸಿಗರು ಬೆಳಗ್ಗೆ ಹತ್ತೂವರೆಯ ನಂತರ ಬಂದು ಸಂಜೆ ಐದು, ಐದೂವರೆಗೆ ಹೊರಡುತ್ತಾರೆ. ಆ ಅವಧಿಯ ಎರಡೂ ಬದಿಗೆ ನಿಮ್ಮ ದಿನ ಚಾಚಿಕೊಂಡಿರಬೇಕು. ಊರು ನಿಮ್ಮಿಬ್ಬರದೇ ಎನ್ನಿಸುವ ಹೊತ್ತು ಅವರ ಬರವಿಗೆ ಮುಂಚೆ ಎರಡು ಗಂಟೆ, ಅವರು ಹೋದ ಮೇಲೆ ಮೂರು ಗಂಟೆ ಸಿಗುತ್ತದೆ. ನಡುವಿನ ಗದ್ದಲದ ಹೊತ್ತನ್ನು ಕಟ್ಟಡಗಳ ಒಳಗೋ ಊರಿನ ಅಂಚಿನಲ್ಲೋ ಕಳೆಯಬೇಕು.

ಮೊದಲ ಹಂತ: ದಿನವನ್ನು ಆರಿಸುವುದು

ಏಪ್ರಿಲ್ ಕೊನೆಯಿಂದ ಜೂನ್ ಮೊದಲ ವಾರದವರೆಗೆ ಮತ್ತು ಸೆಪ್ಟೆಂಬರ್ ತಿಂಗಳು, ಇವೆರಡೂ ಅತ್ಯುತ್ತಮ. ಜುಲೈ, ಆಗಸ್ಟ್‌ನಲ್ಲಿ ಬೆಳಕು ಧಾರಾಳ, ಜನವೂ ಧಾರಾಳ. ಜೂನ್ ಕೊನೆಯಲ್ಲಿ ಸೂರ್ಯ ಮುಳುಗುವುದು ರಾತ್ರಿ ಹತ್ತರ ಸುಮಾರಿಗೆ. ದೀಪಗಳು ಕಾಲುವೆಯಲ್ಲಿ ಪ್ರತಿಫಲಿಸುವುದನ್ನು ನೋಡಬೇಕೆಂದರೆ ಅಷ್ಟು ಹೊತ್ತು ಕಾಯಬೇಕಾಗುತ್ತದೆ, ರೈಲಿನ ಹೊತ್ತಿಗೂ ಅದಕ್ಕೂ ಹೊಂದಾಣಿಕೆಯಾಗುವುದಿಲ್ಲ. ಸೆಪ್ಟೆಂಬರ್ ಮಧ್ಯದಲ್ಲಿ ಸೂರ್ಯಾಸ್ತ ಎಂಟರ ಆಸುಪಾಸಿನಲ್ಲಾಗುವುದರಿಂದ ಒಂದು ದಿನದ ಪ್ರವಾಸಕ್ಕೆ ಅದೇ ಹೆಚ್ಚು ಹಿಡಿಸುತ್ತದೆ. ಡಿಸೆಂಬರ್‌ನಲ್ಲಿ ಸಂಜೆ ಐದಕ್ಕೆ ಮೊದಲೇ ಕತ್ತಲಾಗುತ್ತದೆ. ಕ್ರಿಸ್‌ಮಸ್ ಸಂತೆಯ ಸಡಗರ ಇಷ್ಟವಿದ್ದವರು ಹೋಗಬಹುದು, ಆದರೆ ಕಾಲುವೆಯ ದೋಣಿಗಳು ಸಾಮಾನ್ಯವಾಗಿ ಮಾರ್ಚ್‌ನಿಂದ ನವೆಂಬರ್ ಮಧ್ಯದವರೆಗೆ ಮಾತ್ರ ಓಡುತ್ತವೆ ಎಂಬುದು ನೆನಪಿರಲಿ.

ವಾರದ ದಿನಗಳಲ್ಲಿ ಮಂಗಳವಾರ ಅಥವಾ ಗುರುವಾರ ನನ್ನ ಆಯ್ಕೆ. ಬುಧವಾರ ಬೆಳಗ್ಗೆ ಮಾರ್ಕ್ಟ್ ಎಂಬ ದೊಡ್ಡ ಚೌಕದಲ್ಲಿ ಸಂತೆ ಸೇರುತ್ತದೆ. ಹೂವು, ಚೀಸ್, ತರಕಾರಿ ನೋಡುವ ಆಸೆಯಿದ್ದರೆ ಆ ದಿನವೇ ಹೋಗಿ. ಕೆಲವು ವಸ್ತುಸಂಗ್ರಹಾಲಯಗಳಿಗೆ ವಾರದಲ್ಲಿ ಒಂದು ದಿನ ರಜೆ ಇರುತ್ತದೆ, ಎಲ್ಲಕ್ಕೂ ಅದು ಒಂದೇ ದಿನವಲ್ಲ. ನೀವು ಖಂಡಿತ ನೋಡಬೇಕೆಂದಿರುವ ಒಂದನ್ನು ಮೊದಲು ಗೊತ್ತುಮಾಡಿಕೊಂಡು, ಅದು ತೆರೆದಿರುವ ದಿನಕ್ಕೆ ಉಳಿದದ್ದನ್ನು ಹೊಂದಿಸಿಕೊಳ್ಳಿ. ಯೇಸುವಿನ ಸ್ವರ್ಗಾರೋಹಣದ ಹಬ್ಬದ ಗುರುವಾರ ಪವಿತ್ರ ರಕ್ತದ, ಅಂದರೆ ಯೇಸುವಿನದೆಂದು ಇಲ್ಲಿನವರು ನಂಬುವ ರಕ್ತದ ಅವಶೇಷದ, ಮೆರವಣಿಗೆ ನಡೆಯುತ್ತದೆ. ಅದು ನೋಡತಕ್ಕ ಉತ್ಸವವೇ, ಆದರೆ ಇಬ್ಬರೇ ಸುಮ್ಮನೆ ನಡೆದಾಡುವ ದಿನ ಮಾತ್ರ ಅದಲ್ಲ.

ಎರಡನೆಯ ಹಂತ: ರೈಲು

ಬ್ರಸೆಲ್ಸ್ ಸೆಂಟ್ರಲ್ ಅಥವಾ ಮಿಡಿ ನಿಲ್ದಾಣದಿಂದ ಬ್ರೂಜ್‌ಗೆ ಸುಮಾರು ಒಂದು ಗಂಟೆ, ಗೆಂಟ್‌ನಿಂದ ಅರ್ಧ ಗಂಟೆಯೊಳಗೆ. ದಿನವಿಡೀ ರೈಲುಗಳಿವೆ. ಬೆಲ್ಜಿಯಂನ ಒಳಗೆ ಓಡುವ ರೈಲುಗಳಲ್ಲಿ ಸೀಟು ಕಾಯ್ದಿರಿಸುವ ಪದ್ಧತಿ ಇಲ್ಲದ್ದರಿಂದ ಟಿಕೆಟ್ ತೆಗೆದುಕೊಂಡು ಆ ದಿನದ ಯಾವ ರೈಲಿಗಾದರೂ ಹತ್ತಬಹುದು. ವಾಪಸು ಬರುವಾಗ ಒಂದು ರೈಲು ತಪ್ಪಿದರೆ ಮುಂದಿನದಕ್ಕೆ ಹೊಸ ಟಿಕೆಟ್ ಬೇಕಿಲ್ಲ. ಈ ಒಂದು ಅನುಕೂಲದಿಂದಲೇ ದಿನಕ್ಕೆ ಎಷ್ಟೋ ನಿರಾಳ ಬರುತ್ತದೆ. ಬ್ರೂಜ್ ಎಂಬುದು ಫ್ರೆಂಚ್ ಮತ್ತು ಇಂಗ್ಲಿಷಿನಲ್ಲಿ ಬಳಕೆಯಾಗುವ ಹೆಸರು. ಊರಿನವರ ಭಾಷೆ ಡಚ್. ನಿಲ್ದಾಣದ ಫಲಕದಲ್ಲಿ ಡಚ್ ಹೆಸರೇ ಇರುತ್ತದೆ, ಅದನ್ನು ಸ್ಥಳೀಯರು ‘ಬ್ರುಖೆ’ ಎಂಬಂತೆ ಉಚ್ಚರಿಸುತ್ತಾರೆ. ರೈಲಿನ ಫಲಕದಲ್ಲಿ ಆಸ್ಟೆಂಡ್, ಕ್ನೋಕೆ ಅಥವಾ ಬ್ಲಾಂಕೆನ್‌ಬರ್ಗೆ ಎಂಬ ಕಡಲತೀರದ ಊರುಗಳ ಹೆಸರಿದ್ದರೆ ಗಾಬರಿಯಾಗಬೇಡಿ, ಆ ರೈಲುಗಳು ಬ್ರೂಜ್ ಮೂಲಕವೇ ಹೋಗುತ್ತವೆ.

ಬ್ರಸೆಲ್ಸ್‌ನಿಂದ ಬೆಳಗ್ಗೆ ಏಳೂವರೆಯ ಸುಮಾರಿನ ರೈಲು ಹಿಡಿಯಿರಿ. ಪ್ರವಾಸದಲ್ಲಿ ಬೇಗ ಏಳುವುದು ಬೇಸರದ ಕೆಲಸ, ಅದರಲ್ಲೂ ಒಬ್ಬರಿಗೆ ಬೆಳಗಿನ ನಿದ್ದೆ ಪ್ರಿಯವಾಗಿದ್ದರೆ. ಆದ್ದರಿಂದ ಇದನ್ನು ಹಿಂದಿನ ದಿನವೇ ಇಬ್ಬರೂ ಮಾತಾಡಿ ಒಪ್ಪಿಕೊಂಡಿರಬೇಕು. ಒಬ್ಬರು ಇನ್ನೊಬ್ಬರನ್ನು ಎಳೆದುಕೊಂಡು ಹೋಗುವ ದಿನ ಪ್ರಣಯದ ದಿನವಾಗುವುದಿಲ್ಲ. ಆಮ್‌ಸ್ಟರ್‌ಡ್ಯಾಮ್ ಅಥವಾ ಕಲೋನ್‌ನಂಥ ದೂರದ ಊರುಗಳಲ್ಲಿರುವವರು ಅಲ್ಲಿಂದಲೇ ಒಂದೇ ದಿನದಲ್ಲಿ ಹೋಗಿ ಬರುವ ಬದಲು, ಹಿಂದಿನ ರಾತ್ರಿ ಗೆಂಟ್‌ನಲ್ಲೋ ಬ್ರಸೆಲ್ಸ್‌ನಲ್ಲೋ ತಂಗುವುದು ಒಳ್ಳೆಯದು.

ಮೂರನೆಯ ಹಂತ: ಮುಂಚಿತವಾಗಿ ಮಾಡಬೇಕಾದದ್ದು

ರಾತ್ರಿಯ ಊಟದ ಮೇಜನ್ನು ಕಾಯ್ದಿರಿಸಿ. ಗಂಟೆಗೋಪುರ ಹತ್ತುವ ಮನಸ್ಸಿದ್ದರೆ ಅದರ ಟಿಕೆಟನ್ನು ನಿಗದಿತ ಸಮಯಕ್ಕೆ ಜಾಲತಾಣದಲ್ಲಿ ತೆಗೆದುಕೊಳ್ಳಿ. ಉಳಿದದ್ದನ್ನು ಬಿಡುವಾಗಿ ಬಿಡಿ.

ಪಾದರಕ್ಷೆಯ ವಿಷಯ ಸಣ್ಣದೆನಿಸಿದರೂ ಅದೇ ದಿನವನ್ನು ಕೆಡಿಸಬಲ್ಲದು. ಬೀದಿಗಳಲ್ಲೆಲ್ಲ ಉಬ್ಬುತಗ್ಗಿನ ಕಲ್ಲುಹಾಸು. ಎತ್ತರದ ಹಿಮ್ಮಡಿಯ ಚಪ್ಪಲಿ ಅರ್ಧ ಗಂಟೆಯಲ್ಲೇ ಕಾಲು ನೋಯಿಸುತ್ತದೆ. ಸೀರೆಯುಟ್ಟು ಕಾಲುವೆಯ ಪಕ್ಕ ಫೋಟೋ ತೆಗೆಸಿಕೊಳ್ಳುವ ಆಸೆ ಅನೇಕರಿಗಿರುತ್ತದೆ, ಆ ಇಟ್ಟಿಗೆಗೆಂಪಿನ ಹಿನ್ನೆಲೆಯಲ್ಲಿ ಹಸಿರು ಅಥವಾ ಸಾಸಿವೆ ಬಣ್ಣದ ರೇಷ್ಮೆ ನಿಜಕ್ಕೂ ಚೆನ್ನಾಗಿ ಕಾಣುತ್ತದೆ. ಹಾಗಾದರೆ ಸೀರೆಯನ್ನು ತುಸು ಮೇಲಕ್ಕೆ ಉಟ್ಟು ಚಪ್ಪಟೆ ಅಟ್ಟೆಯ ಬೂಟು ಧರಿಸಿ, ಒಂದು ಉಣ್ಣೆಯ ಶಾಲು ಜೊತೆಗಿರಲಿ. ಮಳೆ ಯಾವ ತಿಂಗಳಲ್ಲಾದರೂ ಬರಬಹುದು. ಗಾಳಿಗೆ ಮಗುಚುವ ಕೊಡೆಗಿಂತ ಟೋಪಿಯಿರುವ ಮಳೆಯಂಗಿ ಉತ್ತಮ. ದೊಡ್ಡ ಚೀಲಗಳಿದ್ದರೆ ನಿಲ್ದಾಣದ ಲಾಕರ್‌ನಲ್ಲಿ ಇಟ್ಟುಬಿಡಿ.

ನಾಲ್ಕನೆಯ ಹಂತ: ಎಂಟೂವರೆಯಿಂದ ಹತ್ತೂವರೆ, ನೀರು ಮತ್ತು ಮೌನ

ನಿಲ್ದಾಣದಿಂದ ಹೊರಬಂದವರೆಲ್ಲ ಬಸ್ಸು ಹತ್ತಿ ನೇರ ದೊಡ್ಡ ಚೌಕಕ್ಕೆ ಹೋಗುತ್ತಾರೆ. ನೀವು ಬಸ್ಸು ಬಿಟ್ಟು, ರಸ್ತೆ ದಾಟಿ, ಮರಗಳ ಸಾಲಿನಲ್ಲಿ ಹತ್ತು ನಿಮಿಷ ನಡೆಯಿರಿ. ಮಿನ್ನೆವಾಟರ್ ಎಂಬ ಉದ್ದನೆಯ ಕೊಳ ಎದುರಾಗುತ್ತದೆ. ಹೆಸರನ್ನು ಇಂದು ಎಲ್ಲರೂ ‘ಪ್ರೇಮದ ಕೊಳ’ ಎಂದೇ ಅರ್ಥ ಮಾಡುತ್ತಾರೆ. ಮಿನ್ನಾ ಎಂಬ ಹುಡುಗಿ ತನಗೆ ಬೇಡದ ಮದುವೆಯಿಂದ ತಪ್ಪಿಸಿಕೊಂಡು ಕಾಡಿಗೆ ಓಡಿದಳು, ಅವಳ ಪ್ರಿಯಕರ ಸ್ಟ್ರಾಂಬರ್ಗ್ ಹುಡುಕಿ ಬರುವ ಹೊತ್ತಿಗೆ ಅವಳು ಬಳಲಿ ಅವನ ತೋಳಲ್ಲೇ ಪ್ರಾಣ ಬಿಟ್ಟಳು ಎಂಬುದು ಇಲ್ಲಿನ ಐತಿಹ್ಯ. 1740ರಲ್ಲಿ ಕಟ್ಟಿದ ಸೇತುವೆಯನ್ನು ಜೊತೆಯಾಗಿ ದಾಟಿದವರ ಪ್ರೀತಿ ಬಾಳುತ್ತದೆ ಎಂಬ ನಂಬಿಕೆಯೂ ಇದೆ. ಕಥೆಯನ್ನು ನಂಬಲಿ ಬಿಡಲಿ, ಬೆಳಗಿನ ಎಂಟೂವರೆಗೆ ಆ ಸೇತುವೆಯ ಮೇಲೆ ನಿಂತರೆ ನೀರಿನಿಂದ ಏಳುವ ತೆಳು ಮಂಜಿನಾಚೆ ಇಟ್ಟಿಗೆಯ ಶಿಖರಗಳು ಕಾಣುತ್ತವೆ. ದಿನದ ಮೊದಲ ಅರ್ಧ ಗಂಟೆಯನ್ನು ಇಲ್ಲೇ ಬೆಂಚಿನ ಮೇಲೆ ಕಳೆಯಿರಿ, ನಿಲ್ದಾಣದಲ್ಲಿ ಕೊಂಡ ಕಾಫಿಯನ್ನೂ ಇಲ್ಲೇ ಕುಡಿಯಿರಿ.

ಇಲ್ಲಿನ ಹಂಸಗಳಿಗೂ ಒಂದು ಕಥೆಯಿದೆ. 1488ರಲ್ಲಿ ಊರಿನವರು ತಮ್ಮ ಆಡಳಿತಗಾರ ಮ್ಯಾಕ್ಸಿಮಿಲಿಯನ್‌ನನ್ನು ಸೆರೆಯಲ್ಲಿಟ್ಟು, ಅವನ ಆಪ್ತ ಅಧಿಕಾರಿ ಪೀಟರ್ ಲಾಂಕಾಲ್ಸ್‌ನ ತಲೆ ಕಡಿದರು. ಲಾಂಕಾಲ್ಸ್ ಎಂಬ ಹೆಸರು ಡಚ್‌ನಲ್ಲಿ ‘ಉದ್ದ ಕತ್ತು’ ಎಂದು ಕೇಳಿಸುತ್ತದೆ. ಬಿಡುಗಡೆಯಾದ ಮ್ಯಾಕ್ಸಿಮಿಲಿಯನ್ ಇನ್ನು ಮುಂದೆ ಈ ಊರು ಉದ್ದ ಕತ್ತಿನ ಹಂಸಗಳನ್ನು ಸದಾಕಾಲ ಸಾಕಬೇಕೆಂದು ಶಿಕ್ಷೆ ವಿಧಿಸಿದನಂತೆ. ಗಲಭೆ, ಸೆರೆ, ಶಿರಚ್ಛೇದ ಚರಿತ್ರೆ. ಹಂಸಗಳ ಶಿಕ್ಷೆ ಮಾತ್ರ ದಂತಕಥೆ.

ಕೊಳದ ತುದಿಯಿಂದ ಎರಡೇ ನಿಮಿಷ ನಡೆದರೆ ಬೆಖೈನ್‌ಹೋಫ್. 1245ರಲ್ಲಿ ಈ ಪ್ರಾಂತ್ಯವಾದ ಫ್ಲಾಂಡರ್ಸ್‌ನ ಒಡತಿ, ಕೌಂಟೆಸ್ ಮಾರ್ಗರೆಟ್ ಸ್ಥಾಪಿಸಿದ ಈ ಆವರಣದಲ್ಲಿ ‘ಬೆಖೀನ್’ ಎಂಬ ಸ್ತ್ರೀಯರು ವಾಸವಾಗಿದ್ದರು. ಅವರು ಸನ್ಯಾಸದ ಶಾಶ್ವತ ವ್ರತ ತೆಗೆದುಕೊಳ್ಳದೆ, ಬೇಕೆಂದಾಗ ಹೊರಬರುವ ಸ್ವಾತಂತ್ರ್ಯ ಉಳಿಸಿಕೊಂಡು, ದುಡಿದು, ಪ್ರಾರ್ಥಿಸಿ ಬದುಕಿದವರು. 1927ರಿಂದ ಇಲ್ಲಿ ಬೆನೆಡಿಕ್ಟೈನ್ ಸನ್ಯಾಸಿನಿಯರಿದ್ದಾರೆ. ಬಿಳಿ ಸುಣ್ಣದ ಮನೆಗಳು ಸುತ್ತುವರಿದ ಹುಲ್ಲಿನ ಅಂಗಳ, ಅದರಲ್ಲಿ ಗಾಳಿಗೆ ಒಂದೇ ಕಡೆ ವಾಲಿದ ಎತ್ತರದ ಮರಗಳು, ವಸಂತದಲ್ಲಿ ಆ ಮರಗಳ ಬುಡದಲ್ಲಿ ಹಳದಿ ಡ್ಯಾಫೊಡಿಲ್ ಹೂಗಳು. ಅಂಗಳದ ಪ್ರವೇಶಕ್ಕೆ ಶುಲ್ಕವಿಲ್ಲ, ಮೌನ ಮಾತ್ರ ಕಡ್ಡಾಯ. ಇಬ್ಬರು ಮಾತಾಡದೆ ಜೊತೆಯಲ್ಲಿ ನಡೆಯುವ ಹತ್ತು ನಿಮಿಷ ಎಷ್ಟು ಅಪರೂಪವೆಂಬುದು ಇಲ್ಲಿ ಗೊತ್ತಾಗುತ್ತದೆ. ಫೋನನ್ನು ಇಲ್ಲಿ ಜೇಬಿನಲ್ಲೇ ಇಡಬೇಕೆಂಬುದು ನನ್ನ ವಿನಂತಿ.

ಅಲ್ಲಿಂದ ವಾಲ್‌ಪ್ಲೈನ್ ಚೌಕದ ಮೂಲಕ ಊರಿನೊಳಗೆ ಬನ್ನಿ. ಚೌಕದಲ್ಲಿರುವ ಡಿ ಹಾಲ್ವೆ ಮಾನ್ ಬಿಯರ್ ತಯಾರಿಕೆಯ ಮನೆ 1856ರಿಂದ ನಡೆದುಬಂದಿದೆ. 2016ರಿಂದ ಇಲ್ಲಿ ತಯಾರಾದ ಬಿಯರ್ ಊರ ಕಲ್ಲುಹಾಸಿನ ಕೆಳಗೆ ಹೂತ ಮೂರು ಕಿಲೋಮೀಟರಿಗೂ ಉದ್ದನೆಯ ಕೊಳವೆಯಲ್ಲಿ ಹರಿದು ಊರ ಹೊರಗಿನ ಬಾಟಲಿ ತುಂಬುವ ಕಾರ್ಖಾನೆಗೆ ಹೋಗುತ್ತದೆ. ಹತ್ತು ಗಂಟೆಯ ಹೊತ್ತಿಗೆ ಡೈವರ್ ಕಾಲುವೆಯ ಬಳಿ ಇರಿ. ದೋಣಿಗಳು ಹೆಚ್ಚುಕಡಿಮೆ ಹತ್ತಕ್ಕೆ ಆರಂಭವಾಗುತ್ತವೆ, ಐದು ಕಡೆ ಹತ್ತಬಹುದು, ಎಲ್ಲ ಕಡೆಯೂ ಸುತ್ತು ಒಂದೇ, ಸುಮಾರು ಅರ್ಧ ಗಂಟೆ. ಹನ್ನೊಂದರ ಮೇಲೆ ಸಾಲು ಬೆಳೆಯುತ್ತದೆ. ಇದು ಇಬ್ಬರೇ ಕೂರುವ ದೋಣಿಯಲ್ಲ, ಮೂವತ್ತು ಜನರ ನಡುವೆ ಚಾಲಕ ನಾಲ್ಕು ಭಾಷೆಗಳಲ್ಲಿ ವಿವರ ಹೇಳುತ್ತಿರುತ್ತಾನೆ. ಹಾಗಿದ್ದರೂ ಬಿಡಬಾರದು. ಮನೆಗಳ ಹಿಂಬದಿಯ ತೋಟಗಳು, ನೀರಿಗೆ ಇಳಿಯುವ ಕಲ್ಲಿನ ಮೆಟ್ಟಿಲುಗಳು, ತಲೆ ಬಗ್ಗಿಸಿದರಷ್ಟೇ ದಾಟಬಹುದಾದ ಸೇತುವೆಗಳ ಹಸಿರು ಪಾಚಿ ಹಿಡಿದ ಕಮಾನುಗಳು, ಇವೆಲ್ಲ ನೀರಿನ ಮಟ್ಟದಿಂದ ಮಾತ್ರ ಕಾಣುತ್ತವೆ.

ಐದನೆಯ ಹಂತ: ಗದ್ದಲದ ಹೊತ್ತಿನಲ್ಲಿ ಒಳಗೆ

ಈಗ ಬೀದಿಗಳು ತುಂಬಿರುತ್ತವೆ, ನೀವು ಕಟ್ಟಡದ ಒಳಗೆ ಹೋಗಿ. ಇಲ್ಲಿ ಆಯ್ಕೆ ಕಟ್ಟುನಿಟ್ಟಾಗಿರಬೇಕು: ಒಂದು ಚರ್ಚು, ಒಂದು ಚಿತ್ರಶಾಲೆ, ಅಷ್ಟು ಸಾಕು.

ಚರ್ಚೆಂದರೆ ಮಾತೆಮರಿಯಳ ಚರ್ಚು. ಅದರ ಇಟ್ಟಿಗೆಯ ಗೋಪುರ 115 ಮೀಟರಿಗೂ ಎತ್ತರ. ಒಳಗೆ ಮೈಕೆಲ್‌ಆಂಜೆಲೊ ಕಡೆದ ಅಮೃತಶಿಲೆಯ ತಾಯಿ ಮತ್ತು ಮಗುವಿನ ವಿಗ್ರಹವಿದೆ. ಆತ ಬದುಕಿದ್ದಾಗಲೇ ಬ್ರೂಜ್‌ನ ಬಟ್ಟೆ ವ್ಯಾಪಾರಿಗಳ ಮನೆತನವೊಂದು ಅದನ್ನು ಕೊಂಡು ಇಲ್ಲಿಗೆ ತಂದಿತು. 1794ರಲ್ಲಿ ಫ್ರೆಂಚರು, 1944ರಲ್ಲಿ ನಾಜಿಗಳು, ಹೀಗೆ ಎರಡು ಸಲ ಹೊತ್ತೊಯ್ದರೂ ಎರಡು ಸಲವೂ ಅದು ಮರಳಿ ಬಂತು; ಎರಡನೆಯ ಸಲ ಸಿಕ್ಕಿದ್ದು ಆಸ್ಟ್ರಿಯಾದ ಆಲ್ಟ್‌ಆಸೀ ಉಪ್ಪಿನ ಗಣಿಯೊಳಗೆ. ತಾಯಿ ಮಗುವನ್ನು ಎತ್ತಿಕೊಂಡಿಲ್ಲ. ಅವಳ ಮೊಣಕಾಲುಗಳ ನಡುವೆ ನಿಂತ ಮಗು ಇನ್ನೇನು ಹೆಜ್ಜೆ ಕೆಳಗಿಡಬೇಕು, ಅದರ ಬೆರಳುಗಳು ಇನ್ನೂ ಅವಳ ಕೈಯನ್ನು ಬಿಟ್ಟಿಲ್ಲ. ಅವಳ ದೃಷ್ಟಿ ಮಗುವಿನ ಮೇಲಿಲ್ಲ, ತುಸು ಕೆಳಗೆ, ಎತ್ತಲೋ.

ಅದೇ ಚರ್ಚಿನಲ್ಲಿ, ಹದಿನೈದನೆಯ ಶತಮಾನದಲ್ಲಿ ಈ ನಾಡನ್ನು ಆಳಿದ ಬರ್ಗಂಡಿಯ ಮೇರಿಯ ಸಮಾಧಿ ಇದೆ. 1477ರಲ್ಲಿ ಅವಳಿಗೂ ಹಂಸಗಳ ಕಥೆಯ ಮ್ಯಾಕ್ಸಿಮಿಲಿಯನ್‌ಗೂ ಮದುವೆಯಾಯಿತು. ಆ ಸಂದರ್ಭದಲ್ಲಿ ಅವನು ಕೊಟ್ಟ ವಜ್ರದುಂಗುರವನ್ನು ನಿಶ್ಚಿತಾರ್ಥದ ವಜ್ರದುಂಗುರಗಳ ಅತಿ ಹಳೆಯ ಉಲ್ಲೇಖಗಳಲ್ಲಿ ಒಂದೆಂದು ಹೇಳುತ್ತಾರೆ. ಆ ಕಾಲದಲ್ಲಿ ಯುರೋಪಿಗೆ ವಜ್ರಗಳು ಬರುತ್ತಿದ್ದದ್ದು ಬಹುಪಾಲು ಭಾರತದಿಂದ, ವೆನಿಸ್ ಮಾರ್ಗವಾಗಿ. ಬ್ರೂಜ್ ಆಗ ವಜ್ರ ಸಾಣೆ ಹಿಡಿಯುವ ಕಸುಬಿಗೆ ಹೆಸರಾಗಿತ್ತು. ನಮ್ಮಲ್ಲಿ ವಿಜಯನಗರದ ಆಳ್ವಿಕೆ ನಡೆಯುತ್ತಿದ್ದ ಶತಮಾನವದು. ಮದುವೆಯಾಗಿ ಐದೇ ವರ್ಷಕ್ಕೆ, 1482ರಲ್ಲಿ, ಬೇಟೆಗೆ ಹೋದಾಗ ಕುದುರೆಯಿಂದ ಬಿದ್ದ ಮೇರಿ ಇಪ್ಪತ್ತೈದನೆಯ ವಯಸ್ಸಿನಲ್ಲಿ ತೀರಿಕೊಂಡಳು. ಚಿನ್ನದ ಲೇಪದ ಕಂಚಿನಲ್ಲಿ ಎರಕಹೊಯ್ದ ಅವಳ ಪ್ರತಿಮೆ ಮಲಗಿರುವ ಭಂಗಿಯಲ್ಲಿದೆ, ಪಾದದ ಬಳಿ ನಾಯಿಯಿದೆ. ವಿಗ್ರಹ ಮತ್ತು ಸಮಾಧಿಗಳಿರುವ ಭಾಗಕ್ಕೆ ಟಿಕೆಟ್ ಬೇಕು.

ಚರ್ಚಿನ ಹಿಂದಿರುವ ಬೋನಿಫೇಸ್ ಸೇತುವೆಯನ್ನು ದಾಟಿ ಚಿತ್ರಶಾಲೆಗೆ ಹೋಗಬಹುದು. ಊರಿನ ಅತಿ ಪ್ರಾಚೀನ ಸೇತುವೆ ಎಂದು ಅನೇಕರು ಇದರ ಮೇಲೆ ನಿಂತು ಚಿತ್ರ ತೆಗೆಸಿಕೊಳ್ಳುತ್ತಾರೆ. ಇದನ್ನು ಕಟ್ಟಿದ್ದು ಸುಮಾರು 1910ರಲ್ಲಿ. ಬ್ರೂಜ್‌ನಲ್ಲಿ ಹಳೆಯದರ ಪಕ್ಕದಲ್ಲೇ ಹಳೆಯದರಂತೆ ಕಟ್ಟಿದ್ದೂ ಸಾಕಷ್ಟಿದೆ, ಎರಡೂ ಈಗ ಒಂದೇ ಬಣ್ಣಕ್ಕೆ ತಿರುಗಿವೆ.

ಗ್ರೂನಿಂಗೆ ವಸ್ತುಸಂಗ್ರಹಾಲಯದಲ್ಲಿ ಇಬ್ಬರೂ ಹುಡುಕಿಕೊಂಡು ಹೋಗಬೇಕಾದ ಚಿತ್ರವೊಂದಿದೆ. ಯಾನ್ ವಾನ್ ಐಕ್ ತನ್ನ ಹೆಂಡತಿ ಮಾರ್ಗರೆಟಳನ್ನು ಬರೆದ ಭಾವಚಿತ್ರ ಅದು, ಅಳತೆಯಲ್ಲಿ ಒಂದು ದೊಡ್ಡ ಪುಸ್ತಕದಷ್ಟೇ. ಕೆಂಪು ಉಣ್ಣೆಯ ನಿಲುವಂಗಿ, ಅದರ ಅಂಚಿಗೆ ಬೂದು ತುಪ್ಪಳ, ತಲೆಯ ಮೇಲೆ ಎರಡು ಕೊಂಬಿನಾಕಾರಕ್ಕೆ ಕಟ್ಟಿದ ಕೂದಲನ್ನು ಮುಚ್ಚಿದ ನಿರಿನಿರಿಯ ಬಿಳಿ ವಸ್ತ್ರ. ತುಟಿ ಬಿಗಿದಿದೆ, ಹಣೆ ಅಗಲ, ಕಣ್ಣು ನೇರವಾಗಿ ನಮ್ಮ ಕಡೆಗೆ, ಅಂದರೆ ಎದುರಿಗೆ ಕುಳಿತು ಬರೆಯುತ್ತಿದ್ದ ಗಂಡನ ಕಡೆಗೆ. ಚೌಕಟ್ಟಿನ ಮೇಲೆ ಅವಳೇ ಹೇಳುವಂತೆ ಲ್ಯಾಟಿನ್‌ನಲ್ಲಿ ಬರಹವಿದೆ: ನನ್ನ ಗಂಡ ಯೊಹಾನೆಸ್ (ಯಾನ್) ನನ್ನನ್ನು 1439ರ ಜೂನ್ 17ರಂದು ಮುಗಿಸಿದ, ನನ್ನ ವಯಸ್ಸು ಮೂವತ್ಮೂರು. ಅದರ ಜೊತೆಗೆ ಚಿತ್ರಕಾರನ ಸ್ವಂತ ಧ್ಯೇಯವಾಕ್ಯ, ‘ನನ್ನಿಂದಾದ ಮಟ್ಟಿಗೆ’. ಅವನು ಅವಳನ್ನು ಸುಂದರಿಯಾಗಿ ಮಾಡಲು ಹೋಗಿಲ್ಲ, ಇದ್ದಂತೆ ನೋಡಿದ್ದಾನೆ, ಪ್ರತಿ ನಿರಿಗೆಯನ್ನೂ ಬಿಡದೆ. ಎರಡು ವರ್ಷದ ನಂತರ ಅವನು ಇದೇ ಊರಿನಲ್ಲಿ ತೀರಿಹೋದ. ಈ ಚಿತ್ರದ ಮುಂದೆ ಐದು ನಿಮಿಷ ನಿಲ್ಲಿ. ಉಳಿದ ಕೋಣೆಗಳನ್ನು ಇಷ್ಟವಿದ್ದಷ್ಟು ನೋಡಿ.

ಆರನೆಯ ಹಂತ: ಮಧ್ಯಾಹ್ನದ ಊಟ, ಸಸ್ಯಾಹಾರಿಗಳಿಗೆ ವಿಶೇಷವಾಗಿ

ಅಡುಗೆಮನೆಗಳು ಸಾಮಾನ್ಯವಾಗಿ ಹನ್ನೆರಡರಿಂದ ಎರಡರವರೆಗೆ ಮಧ್ಯಾಹ್ನದ ಊಟ, ಮತ್ತೆ ಆರರ ನಂತರ ರಾತ್ರಿಯೂಟ ಕೊಡುತ್ತವೆ. ಮೂರೂವರೆಗೆ ಹಸಿವೆಂದರೆ ತಿಂಡಿಯಷ್ಟೇ ಸಿಗುತ್ತದೆ. ಮಾರ್ಕ್ಟ್ ಚೌಕದ ಸುತ್ತ ಇರುವ ಹೋಟೆಲುಗಳಲ್ಲಿ ನೋಟಕ್ಕೂ ಸೇರಿಸಿ ಬೆಲೆ ತೆರಬೇಕು. ಎರಡು ಓಣಿ ಆಚೆ ಹೋದರೆ ಅದೇ ಹಣಕ್ಕೆ ಶಾಂತವಾದ ಮೇಜು ಸಿಗುತ್ತದೆ.

ಸಸ್ಯಾಹಾರಿಗಳು ಒಂದನ್ನು ತಿಳಿದಿರಬೇಕು. ಬೆಲ್ಜಿಯಂನ ಹೆಸರಾಂತ ಆಲೂಗಡ್ಡೆ ಫ್ರೈಗಳನ್ನು ಅನೇಕ ಅಂಗಡಿಗಳಲ್ಲಿ ದನದ ಕೊಬ್ಬಿನಲ್ಲಿ ಎರಡು ಸಲ ಕರಿಯುತ್ತಾರೆ. ಅದೇ ಅವುಗಳ ರುಚಿಯ ಗುಟ್ಟು. ಗಂಟೆಗೋಪುರದ ಬುಡದಲ್ಲಿರುವ ಹಸಿರು ಬಂಡಿಗಳಿರಲಿ, ಬೇರೆಡೆ ಇರಲಿ, ಸಸ್ಯದ ಎಣ್ಣೆಯೇ ಎಂದು ಕೇಳಿ ಖಾತ್ರಿ ಮಾಡಿಕೊಳ್ಳಿ, ಯಾರೂ ತಪ್ಪು ತಿಳಿಯುವುದಿಲ್ಲ. ತರಕಾರಿ ಸೂಪಿನಲ್ಲಿ ಮಾಂಸದ ಸಾರು ಇರಬಹುದು, ಅದನ್ನೂ ಕೇಳಿ. ‘ವೆಖೆಟಾರಿಸ್’ ಎಂಬ ಡಚ್ ಪದ ಎಲ್ಲರಿಗೂ ಅರ್ಥವಾಗುತ್ತದೆ, ಇಂಗ್ಲಿಷ್ ಕೂಡ ನಡೆಯುತ್ತದೆ. ನಲ್ಲಿ ನೀರನ್ನು ಮೇಜಿಗೆ ತಂದಿಡುವ ವಾಡಿಕೆ ಇಲ್ಲ, ಬಾಟಲಿಯ ನೀರಿಗೆ ದುಡ್ಡು ಕೊಡಬೇಕು.

ವಾಫಲ್ ತಿನ್ನುವುದಾದರೆ ಮೇಲೆ ಕೆನೆ, ಹಣ್ಣು, ಚಾಕೊಲೇಟು ಹೇರಿದ್ದನ್ನು ಬಿಟ್ಟು, ಬಿಸಿಯಾಗಿ, ಸಕ್ಕರೆಪುಡಿ ಉದುರಿಸಿದ್ದನ್ನು ಒಂದೇ ತೆಗೆದುಕೊಂಡು ಇಬ್ಬರೂ ಹಂಚಿಕೊಳ್ಳಿ. ಚಾಕೊಲೇಟನ್ನು ಬೆಳಗ್ಗೆಯೇ ಕೊಂಡರೆ ಬೇಸಿಗೆಯಲ್ಲಿ ಚೀಲದೊಳಗೆ ಕರಗುತ್ತದೆ. ಅಂಗಡಿ ಮುಚ್ಚುವ ಆರು ಗಂಟೆಯ ಮುಂಚೆ ಕೊಳ್ಳಿ. ಸಿದ್ಧ ಪೆಟ್ಟಿಗೆ ಬೇಡ. ಗಾಜಿನ ಹಿಂದಿರುವ ಪ್ರಾಲೀನ್‌ಗಳಲ್ಲಿ (ಒಳಗೆ ಹೂರಣ ತುಂಬಿದ ಚಾಕೊಲೇಟುಗಳಲ್ಲಿ) ನಾಲ್ಕನ್ನು ನೀವು ಸಂಗಾತಿಗಾಗಿ, ನಾಲ್ಕನ್ನು ಅವರು ನಿಮಗಾಗಿ ಆರಿಸಬಹುದು. ಕೆಲವದರ ಒಳಗೆ ಮದ್ಯ ಇರುತ್ತದೆ, ಬೇಡವಾದರೆ ಮೊದಲೇ ಹೇಳಿ.

ಏಳನೆಯ ಹಂತ: ಮೂರು ಗಂಟೆಯ ನಂತರ ಊರ ಅಂಚಿಗೆ

ಊಟವಾದ ಮೇಲೆ ಬರ್ಗ್ ಚೌಕವನ್ನೂ ಮಾರ್ಕ್ಟನ್ನೂ ದಾಟಿಕೊಂಡೇ ಹೋಗುತ್ತೀರಿ. ಬರ್ಗ್‌ನಲ್ಲಿ 1376ರಲ್ಲಿ ಕಟ್ಟಲು ಆರಂಭಿಸಿದ ಪುರಭವನವೂ, ಮೂಲೆಯಲ್ಲಿ ಪವಿತ್ರ ರಕ್ತದ ಬೆಸಿಲಿಕಾವೂ ಇವೆ. ಮಾರ್ಕ್ಟ್‌ನ ಗಂಟೆಗೋಪುರ 83 ಮೀಟರ್ ಎತ್ತರ, 366 ಮೆಟ್ಟಿಲು, 47 ಗಂಟೆಗಳ ನಾದ. ಮೇಲೇರುತ್ತ ಸುರುಳಿ ಮೆಟ್ಟಿಲುಗಳು ಒಬ್ಬರೇ ಹೋಗುವಷ್ಟು ಕಿರಿದಾಗುತ್ತವೆ, ಇಳಿಯುವವರಿಗೆ ಗೋಡೆಗೆ ಒತ್ತಿ ದಾರಿ ಬಿಡಬೇಕು. ಇಬ್ಬರಲ್ಲಿ ಒಬ್ಬರಿಗೆ ಮೊಣಕಾಲಿನ ನೋವೋ ಇಕ್ಕಟ್ಟಿನ ಭಯವೋ ಇದ್ದರೆ ಹತ್ತುವ ಹಟ ಬೇಡ. ಕೆಳಗಿನ ಅಂಗಳದ ಬೆಂಚಿನಲ್ಲಿ ಕೂತರೆ ಗಂಟೆಗಳ ಸಂಗೀತ ಮೇಲಿಗಿಂತ ಚೆನ್ನಾಗಿ ಕೇಳಿಸುತ್ತದೆ.

ನಂತರ ಈಶಾನ್ಯಕ್ಕೆ, ಸಿಂಟ್ ಅನ್ನಾ ಎಂಬ ಕೇರಿಯ ಕಡೆಗೆ ನಡೆಯಿರಿ. ಹತ್ತೇ ನಿಮಿಷದಲ್ಲಿ ಜನ ಕರಗಿಹೋಗುತ್ತಾರೆ. ತಗ್ಗಿನ ಮನೆಗಳ ಕಿಟಕಿಯಲ್ಲಿ ಬೆಕ್ಕು, ಪಿಂಗಾಣಿ ಬೊಂಬೆ, ಲೇಸಿನ ಪರದೆ ಕಾಣಿಸುತ್ತವೆ. ಜನ ವಾಸವಾಗಿರುವ ಬ್ರೂಜ್ ಇದು. ಇಲ್ಲಿನ ಲೇಸ್ ಕೇಂದ್ರದಲ್ಲಿ ಮಧ್ಯಾಹ್ನದ ಹೊತ್ತು ಕೈಯಲ್ಲಿ ಲೇಸ್ ನೇಯುವುದನ್ನು ನೋಡಬಹುದು. ಮಡಿಲಲ್ಲಿ ಗಟ್ಟಿ ದಿಂಬು, ಅದರ ಮೇಲೆ ಚುಚ್ಚಿದ ನಕ್ಷೆಯ ಕಾಗದ, ನೂರಾರು ಗುಂಡುಸೂಜಿ, ಪ್ರತಿ ಎಳೆಯ ತುದಿಗೂ ಮರದ ಒಂದು ಬಾಬಿನ್. ವಯಸ್ಸಾದ ಕೈಗಳು ಆ ಬಾಬಿನ್‌ಗಳನ್ನು ಎಡದಿಂದ ಬಲಕ್ಕೆ, ಬಲದಿಂದ ಎಡಕ್ಕೆ ದಾಟಿಸುವಾಗ ಒಣ ಬಿದಿರು ತಾಗಿದಂಥ ಸಣ್ಣ ಸದ್ದು ಕೋಣೆ ತುಂಬ ಕೇಳುತ್ತಿರುತ್ತದೆ. ಒಂದು ಗಂಟೆ ದುಡಿದರೆ ಕೆಲವೇ ಅಂಗುಲದ ಬೆಳವಣಿಗೆ. ಇದನ್ನು ನೋಡಿದ ಮೇಲೆ ಅಂಗಡಿಗಳಲ್ಲಿ ಅಗ್ಗಕ್ಕೆ ಸಿಗುವ ಲೇಸಿನಲ್ಲಿ ಬಹುಪಾಲು ಯಂತ್ರದ್ದೇಕೆಂದು ತಾನಾಗಿ ಅರ್ಥವಾಗುತ್ತದೆ. ನೆನಪಿಗೆ ಕೊಳ್ಳುವುದಾದರೆ ಕೈಯಿಂದ ಮಾಡಿದ ಅಂಗೈಯಗಲದ ತುಂಡೊಂದು ಸಾಕು.

ಕೇರಿಯ ತುದಿಯಲ್ಲಿ ಹಳೆಯ ಕೋಟೆಯ ದಿಬ್ಬ ಸಿಗುತ್ತದೆ, ಹೆಸರು ಕ್ರೌಸ್‌ವೆಸ್ಟ್. ಅದರ ಮೇಲೆ ಒಂದರಾಚೆ ಒಂದರಂತೆ ನಾಲ್ಕು ಗಾಳಿಗಿರಣಿಗಳಿವೆ. ಅವುಗಳಲ್ಲಿ ಸಿಂಟ್ ಯಾನ್ಸ್‌ಹೌಸ್ ಗಿರಣಿ 1770ರಿಂದ ಅಲ್ಲೇ ನಿಂತಿದೆ. ನಾಲ್ಕೂವರೆಯಿಂದ ಆರರವರೆಗೆ ಈ ಹುಲ್ಲಿನ ದಿಬ್ಬದ ಮೇಲೆ ಏನನ್ನೂ ಯೋಜಿಸಬೇಡಿ. ಚಪ್ಪಲಿ ಕಳಚಿ ಕೂತುಕೊಳ್ಳಿ. ಇಲ್ಲಿಂದ ಪಶ್ಚಿಮಕ್ಕೆ ನೋಡಿದರೆ ಊರಿನ ಗೋಪುರಗಳೆಲ್ಲ ಒಂದೇ ಸಾಲಿನಲ್ಲಿ, ಇಳಿಬಿಸಿಲಿಗೆ ಬೆನ್ನು ಮಾಡಿ ನಿಂತಿರುತ್ತವೆ. ಒಬ್ಬರಿಗೆ ನಿದ್ದೆ ಬಂದರೆ ಬರಲಿ. ನಮ್ಮ ಎರಡನೆಯ ಭೇಟಿಯ ದಿನ ನಾವು ಅತಿ ಹೆಚ್ಚು ಮಾತಾಡಿದ್ದು ಇಲ್ಲಿಯೇ, ಊರಿನ ಬಗ್ಗೆ ಒಂದು ಮಾತೂ ಇರಲಿಲ್ಲ.

ಎಂಟನೆಯ ಹಂತ: ಸಂಜೆ, ಊಟ, ವಾಪಸು ದಾರಿ

ಆರೂವರೆಗೆ ಊಟದ ಮೇಜು ಇರಲಿ. ಸೆಪ್ಟೆಂಬರ್‌ನಲ್ಲಾದರೆ ಊಟ ಮುಗಿಸಿ ಹೊರಬರುವ ಹೊತ್ತಿಗೆ ಸರಿಯಾಗಿ ಮುಸ್ಸಂಜೆ. ಆಗ ರೋಜೆನ್‌ಹೂಡ್‌ಕಾಯ್‌ಗೆ ಹೋಗಿ, ಅಂದರೆ ಜಪಮಾಲೆಯ ದಂಡೆ. ಕಾಲುವೆ ತಿರುಗುವ ಮೂಲೆ, ನೀರಿಗೆ ಬಾಗಿದ ಮರ, ಹಿಂದೆ ಗಂಟೆಗೋಪುರ. ಮಧ್ಯಾಹ್ನ ಚಿತ್ರ ತೆಗೆಯಲು ಸಾಲುಗಟ್ಟುವ ಜಾಗವಿದು, ಬೆಳಗ್ಗೆ ನೀವು ದೋಣಿಯಲ್ಲಿ ದಾಟಿಹೋದದ್ದೂ ಇದನ್ನೇ. ಈಗ ಅಲ್ಲಿ ಇರುವವರು ಕೆಲವರೇ. ಸೂರ್ಯ ಮುಳುಗಿ ಇಪ್ಪತ್ತು ನಿಮಿಷದ ಮೇಲೆ, ಆಕಾಶದಲ್ಲಿ ಕಡುನೀಲಿ ಇನ್ನೂ ಉಳಿದಿರುವಾಗ ದೀಪಗಳು ಹೊತ್ತಿಕೊಳ್ಳುತ್ತವೆ. ಫೋಟೋ ಬೇಕಿದ್ದರೆ ಆ ಹತ್ತು ನಿಮಿಷದಲ್ಲೇ ತೆಗೆಯಿರಿ. ಪೂರ್ತಿ ಕತ್ತಲಾದರೆ ನೀರಿನ ಬಣ್ಣ ಹೋಗುತ್ತದೆ. ಫೋನನ್ನು ಕಾಲುವೆಯ ಕಲ್ಲುಕಟ್ಟೆಯ ಮೇಲೆ ಊರಿ ಹಿಡಿದರೆ ಚಿತ್ರ ಅಲುಗಾಡುವುದಿಲ್ಲ.

ನಿಲ್ದಾಣಕ್ಕೆ ಇಲ್ಲಿಂದ ಇಪ್ಪತ್ತೈದು ನಿಮಿಷದ ನಡಿಗೆ; ಕಾಲು ಸೋತಿದ್ದರೆ ಊರ ನಡುವಿನಿಂದ ಬಸ್ಸುಗಳಿವೆ. ಬ್ರಸೆಲ್ಸ್‌ಗೆ ಹೋಗುವ ಕೊನೆಯ ರೈಲಿನ ಸಮಯವನ್ನು ಬೆಳಗ್ಗೆಯೇ ರೈಲ್ವೆಯ ಆಪ್‌ನಲ್ಲಿ ನೋಡಿಟ್ಟುಕೊಂಡು, ಅದಕ್ಕಿಂತ ಕನಿಷ್ಠ ಎರಡು ರೈಲು ಮುಂಚಿನದಕ್ಕೆ ಹೊರಡಿ. ಹಳಿಯ ಕೆಲಸದಿಂದಲೋ ಮುಷ್ಕರದಿಂದಲೋ ಒಂದು ರದ್ದಾದರೂ ಇನ್ನೊಂದು ಇರುತ್ತದೆ. ಲಾಕರ್‌ನಲ್ಲಿಟ್ಟ ಚೀಲ ಮರೆಯಬೇಡಿ. ಎಂಟು ಪ್ರಾಲೀನ್‌ಗಳ ಪೊಟ್ಟಣವನ್ನು ರೈಲು ಗೆಂಟ್ ದಾಟುವ ಮುಂಚೆಯೇ ಬಿಚ್ಚಬಹುದು.